ಉಳಿದ ದಿನಗಳು ಯಾರ ಕೈಯಲ್ಲಿವೆ? ಕಾಲ್ಪನಿಕ ಲೋಕಕ್ಕೊಂದು ಕ್ಯಾಲೆಂಡರ್ ಕಟ್ಟುವ ಬಗ್ಗೆ

ಫ್ಯಾಂಟಸಿ ಬರೆಯುವವರು ತಮ್ಮ ಲೋಕದ ಟಿಪ್ಪಣಿಗಳನ್ನು ತೋರಿಸಿದಾಗ ನಾನು ಮೊದಲು ನಕ್ಷೆ ನೋಡುವುದಿಲ್ಲ. ಕ್ಯಾಲೆಂಡರ್ ನೋಡುತ್ತೇನೆ. ಹೆಚ್ಚಿನವರದ್ದು ಒಂದೇ ತರ ಇರುತ್ತದೆ. ವರ್ಷಕ್ಕೆ 360 ದಿನ. ಹನ್ನೆರಡು ತಿಂಗಳು, ತಿಂಗಳಿಗೆ ಮೂವತ್ತು ದಿನ. ಪ್ರತಿ ತಿಂಗಳ ಹದಿನೈದಕ್ಕೆ ತಪ್ಪದೆ ಹುಣ್ಣಿಮೆ. ಎಲ್ಲವೂ ಚೊಕ್ಕ. ತಿಂಗಳುಗಳ ಹೆಸರನ್ನು ಬಹಳ ಯೋಚಿಸಿ ಇಟ್ಟಿರುತ್ತಾರೆ. ಆದರೆ ಆ ಕ್ಯಾಲೆಂಡರಿನಿಂದ ಕಥೆಗೆ ಏನೂ ಸಿಗುವುದಿಲ್ಲ. ಅಧ್ಯಾಯದ ತಲೆಯ ಮೇಲೆ ತಾರೀಕು ಹಾಕಲು ಬರುತ್ತದೆ, ಅಷ್ಟೆ.

ಇವತ್ತು ನಾನು ಮುಖ್ಯವಾಗಿ ಹೇಳಬೇಕೆಂದಿರುವುದು ಒಂದೇ ವಿಷಯ. ಭಾಗಾಕಾರ ಮಾಡಿದಾಗ ಉಳಿಯುವ ದಿನಗಳನ್ನು ಅಳಿಸಬೇಡಿ. ನಿಮ್ಮ ಲೋಕದ ದೇವರು, ಸಾಲ, ಕಂದಾಯ, ಜಗಳ ಎಲ್ಲವೂ ಆ ಉಳಿಕೆಯ ಸುತ್ತ ಬೆಳೆಯುತ್ತವೆ.

ನಮ್ಮ ಭೂಮಿಯನ್ನೇ ತೆಗೆದುಕೊಳ್ಳಿ. ದಿನ ಅಂದರೆ ಭೂಮಿ ತನ್ನ ಸುತ್ತ ತಿರುಗುವುದು. ತಿಂಗಳು ಚಂದ್ರನದ್ದು. ವರ್ಷ ಸೂರ್ಯನ ಸುತ್ತ ಹೋಗಿ ಬರುವ ಕಾಲ. ಮೂರೂ ಬೇರೆ ಬೇರೆ ಚಲನೆಗಳು. ಒಂದಕ್ಕೊಂದು ಹೊಂದಬೇಕು ಅಂತ ಎಲ್ಲೂ ಬರೆದಿಲ್ಲ. ಒಂದು ಹುಣ್ಣಿಮೆಯಿಂದ ಇನ್ನೊಂದು ಹುಣ್ಣಿಮೆಗೆ ಸರಾಸರಿ 29.53 ದಿನ. ಋತುಗಳ ಒಂದು ಸುತ್ತಿಗೆ 365.2422 ದಿನ. ಹನ್ನೆರಡು ಚಾಂದ್ರ ತಿಂಗಳು ಕೂಡಿಸಿದರೆ 354.37 ದಿನ ಆಗುತ್ತದೆ. ಸುಮಾರು ಹನ್ನೊಂದು ದಿನ ಕಮ್ಮಿ. ಹದಿಮೂರು ಮಾಡಿದರೆ ಹದಿನೆಂಟು ದಿನಕ್ಕಿಂತ ಜಾಸ್ತಿ. ಎಲ್ಲಿ ಕತ್ತರಿಸಿದರೂ ಏನೋ ಒಂದು ಉಳಿಯುತ್ತದೆ.

ಫ್ಯಾಂಟಸಿ ಲೋಕದಲ್ಲಿ ಆಕಾಶವನ್ನು ನಾವೇ ಮಾಡಿದ್ದು, ಹಾಗಾಗಿ ಚೊಕ್ಕ ಮಾಡಬಹುದಲ್ವಾ ಅಂತ ನೀವು ಕೇಳಬಹುದು. ಮಾಡಬಹುದು. ಆದರೆ ಆಗ ನೀವು ಬಹಳ ದೊಡ್ಡ ಮಾತು ಹೇಳುತ್ತಿದ್ದೀರಿ. ದಿನ, ತಿಂಗಳು, ವರ್ಷ ಮೂರೂ ಒಂದರೊಳಗೊಂದು ಸರಿಯಾಗಿ ಕೂರುವ ಆಕಾಶವನ್ನು ಯಾರೋ ಅಳತೆ ಹಾಕಿ ಮಾಡಿದ್ದಾರೆ ಅಂತ ಆಯಿತು. ಆ ಲೋಕದ ಜನಕ್ಕೆ ಅದು ರಾತ್ರಿ ರಾತ್ರಿ ಕಣ್ಣಿಗೆ ಬೀಳುವ ಸಾಕ್ಷಿ. ದೇವರಿದ್ದಾನೋ ಇಲ್ಲವೋ ಎಂಬ ಚರ್ಚೆ ಅಲ್ಲಿ ನಡೆಯುವುದೇ ಬೇರೆ ರೀತಿ. ಅದನ್ನು ಕಥೆಯಾಗಿ ಬಳಸುವವರಿದ್ದರೆ 360 ದಿನ ಇಟ್ಟುಕೊಳ್ಳಿ, ಚೆನ್ನಾಗಿರುತ್ತದೆ. ಸುಮ್ನೆ ಲೆಕ್ಕ ಸುಲಭ ಅಂತ ಇಡುವುದಾದರೆ ಬೇಡ.

ಉಳಿಕೆಯನ್ನು ನಿಜವಾದ ಜನ ಏನು ಮಾಡಿದರು ನೋಡಿ. ಪ್ರಾಚೀನ ಈಜಿಪ್ಟಿನವರು ಮೂವತ್ತು ದಿನದ ಹನ್ನೆರಡು ತಿಂಗಳು ಮಾಡಿ, ಕೊನೆಗೆ ಐದು ದಿನ ಸೇರಿಸಿದರು. ಆ ಐದು ದಿನ ಯಾವ ತಿಂಗಳಿಗೂ ಸೇರಿಲ್ಲ. ಅದಕ್ಕೊಂದು ಕಥೆ ಇದೆ. ಗ್ರೀಕ್ ಲೇಖಕ ಪ್ಲುಟಾರ್ಕ್ ಅದನ್ನು ಬರೆದಿಟ್ಟಿದ್ದಾನೆ. ಆಕಾಶದ ದೇವತೆ ಬಸುರಿಯಾದಳು. ಯಾವ ತಿಂಗಳಲ್ಲೂ, ಯಾವ ವರ್ಷದಲ್ಲೂ ನೀನು ಹೆರಕೂಡದು ಅಂತ ಸೂರ್ಯ ಶಾಪ ಕೊಟ್ಟ. ಆಗ ಇನ್ನೊಬ್ಬ ದೇವತೆ ಚಂದ್ರನ ಜೊತೆ ಪಗಡೆಯಂಥ ಆಟಕ್ಕೆ ಕೂತು, ಚಂದ್ರನ ಬೆಳಕಿನಲ್ಲಿ ಎಪ್ಪತ್ತರಲ್ಲಿ ಒಂದು ಪಾಲು ಗೆದ್ದುಕೊಂಡ. ಆ ಪಾಲನ್ನೆಲ್ಲ ಕೂಡಿಸಿ ಐದು ದಿನ ಮಾಡಿದ. ತಿಂಗಳಿಗೂ ವರ್ಷಕ್ಕೂ ಸೇರದ ಆ ಐದು ದಿನಗಳಲ್ಲಿ ಐದು ಮಕ್ಕಳು ಹುಟ್ಟಿದರು. ಒಸೈರಿಸ್, ಐಸಿಸ್, ಸೆತ್ ಎಲ್ಲ ಆ ಮಕ್ಕಳೇ. 360ನ್ನು 70ರಿಂದ ಭಾಗಿಸಿ ನೋಡಿ, ಐದಕ್ಕಿಂತ ಸ್ವಲ್ಪ ಜಾಸ್ತಿ ಬರುತ್ತದೆ. ಲೆಕ್ಕದ ಉಳಿಕೆಯೇ ಪುರಾಣವಾಗಿ ನಿಂತಿದೆ!

ಅದೇ ಐದು ದಿನ ಬೇರೆ ಕಡೆ ಬೇರೆ ಮುಖ ತೋರಿಸುತ್ತವೆ. ಮಧ್ಯ ಅಮೆರಿಕದ ಮಾಯಾ ಜನರ ಒಂದು ಕ್ಯಾಲೆಂಡರಿನಲ್ಲಿ ಇಪ್ಪತ್ತು ದಿನದ ಹದಿನೆಂಟು ತಿಂಗಳು. ಅಲ್ಲೂ 360, ಅಲ್ಲೂ ಐದು ದಿನ ಉಳಿಕೆ. ಅವರು ಆ ಐದು ದಿನಗಳನ್ನು ಕೆಟ್ಟ ದಿನಗಳು ಅಂದರು. ಫ್ರಾನ್ಸಿನಲ್ಲಿ ಕ್ರಾಂತಿಯ ನಂತರ, 1793ರಲ್ಲಿ, ಹಳೆಯದನ್ನೆಲ್ಲ ಕಿತ್ತುಹಾಕಿ ಹೊಸ ಕ್ಯಾಲೆಂಡರ್ ತಂದರು. ಮೂವತ್ತು ದಿನದ ಹನ್ನೆರಡು ತಿಂಗಳು, ಮೇಲೆ ಐದು ದಿನ, ಅಧಿಕ ವರ್ಷವಾದರೆ ಆರು. ಅವರು ಅವನ್ನು ಜನರ ಹಬ್ಬ ಮಾಡಿದರು. ಪ್ರತಿಭೆಗೆ ಒಂದು, ಶ್ರಮಕ್ಕೆ ಒಂದು, ಹೀಗೆ. ಒಂದು ಕಡೆ ದೇವರ ಹುಟ್ಟು, ಒಂದು ಕಡೆ ಭಯ, ಒಂದು ಕಡೆ ಹಬ್ಬ. ನಿಮ್ಮ ಲೋಕದ ಜನ ಎಂಥವರು ಅನ್ನುವುದನ್ನು ಹತ್ತು ಪುಟದ ವರ್ಣನೆಗಿಂತ ಈ ಐದು ದಿನ ಚೆನ್ನಾಗಿ ಹೇಳುತ್ತದೆ.

ಚಂದ್ರನನ್ನು ಬಿಡಲೊಲ್ಲದವರ ದಾರಿ ಬೇರೆ. ಇಸ್ಲಾಮಿಕ್ ಕ್ಯಾಲೆಂಡರ್ ಹನ್ನೆರಡು ಚಾಂದ್ರ ತಿಂಗಳಿಗೇ ನಿಲ್ಲುತ್ತದೆ, ಋತುವಿಗೆ ಕಟ್ಟಿಕೊಳ್ಳುವುದಿಲ್ಲ. ಅದರ ತಿಂಗಳುಗಳು ಸುಮಾರು 33 ವರ್ಷಕ್ಕೊಮ್ಮೆ ಎಲ್ಲ ಋತುಗಳನ್ನೂ ಸುತ್ತಿ ಬರುತ್ತವೆ. ಚಂದ್ರನೂ ಬೇಕು, ಋತುವೂ ಬೇಕು ಅನ್ನುವವರು ಆಗಾಗ ಒಂದು ಅಧಿಕ ಮಾಸ ಸೇರಿಸುತ್ತಾರೆ. ಈಗಿನ ಇರಾಕಿನ ಕಡೆ ಇದ್ದ ಪ್ರಾಚೀನ ಬಾಬಿಲೋನಿನವರು ಕಂಡುಕೊಂಡ ಲೆಕ್ಕ 19 ವರ್ಷಕ್ಕೆ ಏಳು ಅಧಿಕ ಮಾಸ, ಒಟ್ಟು 235 ತಿಂಗಳು. ಈ ಹೊಂದಾಣಿಕೆ ಎಷ್ಟು ಚೆನ್ನಾಗಿದೆ ಅಂದರೆ 19 ವರ್ಷ ಕಳೆದ ಮೇಲೆ ವ್ಯತ್ಯಾಸ ಬರೀ ಎರಡು ಗಂಟೆ ಚಿಲ್ಲರೆ.

ಇಲ್ಲಿಂದ ಮುಂದೆ ಕಥೆ ಬರೆಯುವವರಿಗೆ ಅಸಲಿ ವಿಷಯ. ಅಧಿಕ ಮಾಸ ಬೇಕು ಅಂತ ಎಲ್ಲರೂ ಒಪ್ಪಿದರು, ಸರಿ. ಅದು ಯಾವ ವರ್ಷ ಅಂತ ಹೇಳುವವರು ಯಾರು?

ಸ್ಥಿರವಾದ ಲೆಕ್ಕ ಬರುವುದಕ್ಕೆ ಎಷ್ಟೋ ಶತಮಾನ ಮುಂಚೆ, ಬಾಬಿಲೋನಿನ ರಾಜ ಹಮ್ಮುರಾಬಿ ತನ್ನ ಅಧಿಕಾರಿಗೆ ಬರೆಸಿದ ಒಂದು ಪತ್ರ ಉಳಿದುಬಂದಿದೆ. ಜೇಡಿಮಣ್ಣಿನ ಹಲಗೆಯ ಮೇಲೆ. ಆರನೇ ತಿಂಗಳು ಮುಗಿದ ಮೇಲೆ ಮತ್ತೊಂದು ಆರನೇ ತಿಂಗಳು ಸೇರಿಸಿ ಅಂತ ಅದರಲ್ಲಿ ಆಜ್ಞೆ ಇದೆ. ಅದರ ಜೊತೆಗೇ ಇನ್ನೊಂದು ಮಾತು. ಏಳನೇ ತಿಂಗಳ 25ಕ್ಕೆ ಬಾಬಿಲೋನಿಗೆ ಬರಬೇಕಿದ್ದ ಕಪ್ಪ ಈಗ ಎರಡನೇ ಆರನೇ ತಿಂಗಳ 25ಕ್ಕೇ ಬರಬೇಕು. ಗಮನಿಸಿದಿರಾ? ವರ್ಷ ಒಂದು ತಿಂಗಳು ಉದ್ದವಾಯಿತು, ಕಂದಾಯ ಮಾತ್ರ ಒಂದು ದಿನವೂ ತಡವಾಗುವ ಹಾಗಿಲ್ಲ. ಕ್ಯಾಲೆಂಡರ್ ಬದಲಿಸಿದ ತಕ್ಷಣ ಹಳ್ಳಿಯವನು ತಲೆಯಲ್ಲಿ ಏನು ಲೆಕ್ಕ ಹಾಕುತ್ತಾನೆ ಅಂತ ಆ ರಾಜನಿಗೆ ಚೆನ್ನಾಗಿ ಗೊತ್ತಿತ್ತು.

ರೋಮ್‌ನಲ್ಲಿ ಇದು ಇನ್ನೂ ಕೆಟ್ಟದಾಗಿತ್ತು. ಸೀಸರ್‌ಗೆ ಮುಂಚೆ ಅಲ್ಲಿನ ವರ್ಷಕ್ಕೆ 355 ದಿನ. ಅಧಿಕ ತಿಂಗಳು ಸೇರಿಸುವ ಅಧಿಕಾರ ಪುರೋಹಿತರ ಮಂಡಳಿಯದ್ದು. ಆ ಪುರೋಹಿತರು ರಾಜಕಾರಣಿಗಳೂ ಹೌದು. ಅಲ್ಲಿ ಹೆಚ್ಚಿನ ದೊಡ್ಡ ಹುದ್ದೆಗಳೆಲ್ಲ ಒಂದು ವರ್ಷದ ಅವಧಿಯವು. ತಿಂಗಳು ಸೇರಿಸಿದರೆ ಹುದ್ದೆಯಲ್ಲಿರುವವನಿಗೆ ಒಂದು ತಿಂಗಳು ಜಾಸ್ತಿ ಸಿಗುತ್ತದೆ. ಸೇರಿಸದಿದ್ದರೆ ಬೇಗ ಇಳಿಯುತ್ತಾನೆ. ರೋಮ್‌ನ ರಾಜಕಾರಣಿ ಸಿಸೆರೋ ದೂರದ ಸಿಲಿಸಿಯಾ ಪ್ರಾಂತ್ಯಕ್ಕೆ ಅಧಿಕಾರಿಯಾಗಿ ಹೋಗಿದ್ದ. ಅವನಿಗೆ ಅಲ್ಲಿ ಇರುವುದು ಒಂದಿಷ್ಟೂ ಇಷ್ಟವಿರಲಿಲ್ಲ. ಈ ವರ್ಷ ಅಧಿಕ ತಿಂಗಳು ಸೇರಿಸದ ಹಾಗೆ ನೋಡಿಕೊಳ್ಳಿ ಅಂತ ಅವನು ರೋಮ್‌ನಲ್ಲಿದ್ದ ಗೆಳೆಯರಿಗೆ ಪತ್ರ ಬರೆದ. ಇಂಥ ದೃಶ್ಯ ನಿಮ್ಮ ಕಾದಂಬರಿಯಲ್ಲಿದ್ದರೆ ಹೇಗಿರುತ್ತದೆ, ಯೋಚಿಸಿ. ಮನೆ ಸೇರಲು ಹಂಬಲಿಸುವ ಒಬ್ಬ ಅಧಿಕಾರಿ. ಅವನು ಮನೆಗೆ ಹೋಗುವುದು ಯಾವಾಗ ಅನ್ನುವುದು ರಾಜಧಾನಿಯಲ್ಲಿ ಯಾರೋ ನಾಲ್ಕು ಜನ ಕೂತು ಮಾಡುವ ತೀರ್ಮಾನ.

ಹೀಗೆ ಎಳೆದಾಡಿ ಎಳೆದಾಡಿ, ಕೊನೆಗೆ ರೋಮ್‌ನ ಕ್ಯಾಲೆಂಡರ್ ಋತುಗಳಿಂದ ಸುಮಾರು ಮೂರು ತಿಂಗಳು ದೂರ ಹೋಗಿತ್ತು. ಅದನ್ನು ಸರಿಮಾಡಲು ಜೂಲಿಯಸ್ ಸೀಸರ್ ಕ್ರಿ.ಪೂ. 46ನೇ ವರ್ಷವನ್ನು 445 ದಿನಕ್ಕೆ ಎಳೆದ. ಮರುವರ್ಷದಿಂದ 365 ದಿನ, ನಾಲ್ಕು ವರ್ಷಕ್ಕೊಮ್ಮೆ ಒಂದು ದಿನ ಹೆಚ್ಚು. ಕ್ರಿ.ಪೂ. 44ರಲ್ಲಿ ಅವನ ಕೊಲೆ ಆಯಿತು. ಆಮೇಲೆ ಪುರೋಹಿತರು ಮೂರು ವರ್ಷಕ್ಕೊಮ್ಮೆ ಅಧಿಕ ದಿನ ಹಾಕತೊಡಗಿದರು. ಅವರ ಎಣಿಕೆಯಲ್ಲಿ ಮೊದಲ ವರ್ಷವನ್ನೂ ಕೊನೆಯ ವರ್ಷವನ್ನೂ ಸೇರಿಸಿ ಎಣಿಸುವ ರೂಢಿ ಇತ್ತು. ಮುಂದೆ ಚಕ್ರವರ್ತಿ ಅಗಸ್ಟಸ್ ಕೆಲವು ಅಧಿಕ ದಿನಗಳನ್ನು ಕೈಬಿಟ್ಟು ಅದನ್ನು ಸರಿಮಾಡಬೇಕಾಯಿತು. ನಿಯಮ ಮಾಡಿದವನು ಸತ್ತ ಮೇಲೆ ನಿಯಮ ಓದುವವರು ಅದನ್ನು ಹೇಗೆ ಓದುತ್ತಾರೆ? ಲೋಕ ಕಟ್ಟುವವರು ಕೇಳಲೇಬೇಕಾದ ಪ್ರಶ್ನೆ ಇದು.

ಒಂದು ಸಣ್ಣ ಪಕ್ಕದ ಮಾತು. ಸ್ವೀಡನ್ನಿನಲ್ಲಿ 1712ರಲ್ಲಿ ಫೆಬ್ರವರಿ 30 ಎಂಬ ತಾರೀಕು ನಿಜವಾಗಿ ಬಂದಿತ್ತು. ಸೀಸರ್ ತಂದ ಹಳೆಯ ಜೂಲಿಯನ್ ಲೆಕ್ಕದಿಂದ, ಇವತ್ತು ನಾವು ಬಳಸುವ ಹೊಸ ಗ್ರೆಗೋರಿಯನ್ ಲೆಕ್ಕಕ್ಕೆ ನಿಧಾನವಾಗಿ ಹೋಗೋಣ, 1700ರಿಂದ 1740ರವರೆಗೆ ಅಧಿಕ ದಿನಗಳನ್ನೆಲ್ಲ ಬಿಡುತ್ತಾ ಹೋಗೋಣ ಅಂತ ಅವರು ಯೋಜನೆ ಹಾಕಿದರು. 1700ರಲ್ಲಿ ಬಿಟ್ಟರು. 1704, 1708ರಲ್ಲಿ ಬಿಡಲಿಲ್ಲ. ಈಗ ದೇಶ ಹಳೆಯ ಲೆಕ್ಕದಲ್ಲೂ ಇಲ್ಲ, ಹೊಸ ಲೆಕ್ಕದಲ್ಲೂ ಇಲ್ಲ. ವಾಪಸ್ ಹಳೆಯದಕ್ಕೆ ಹೋಗಲು 1712ರಲ್ಲಿ ಒಂದು ದಿನ ಹೆಚ್ಚು ಸೇರಿಸಬೇಕಾಯಿತು. ಕೊನೆಗೆ 1753ರಲ್ಲಿ ಒಂದೇ ಏಟಿಗೆ ಹೊಸದಕ್ಕೆ ಬಂದರು. ನಿಮ್ಮ ಲೋಕದ ಇತಿಹಾಸದಲ್ಲಿ ಇಂಥ ಒಂದು ಅರ್ಧಕ್ಕೆ ನಿಂತ ಸುಧಾರಣೆ ಇರಲಿ. ಓದುವವರಿಗೆ ಆ ಲೋಕಕ್ಕೆ ವಯಸ್ಸಾಗಿದೆ ಅನ್ನಿಸುತ್ತದೆ.

ವಾರದ ಬಗ್ಗೆ ಬೇಗ ಹೇಳಿಬಿಡುತ್ತೇನೆ. ವಾರ ಆಕಾಶದಿಂದ ಬಂದಿದ್ದಲ್ಲ, ಜನ ಮಾಡಿಕೊಂಡಿದ್ದು. ಅದರ ಹಿಂದೆ ಸಂತೆ ಇರುತ್ತದೆ, ಬಿಡುವು ಇರುತ್ತದೆ, ಪೂಜೆ ಇರುತ್ತದೆ. ಪಶ್ಚಿಮ ಆಫ್ರಿಕಾದ ಇಗ್ಬೋ ಜನರದ್ದು ನಾಲ್ಕು ದಿನದ ಸಂತೆಯ ವಾರ. ರೋಮನ್ನರದ್ದು ಎಂಟು ದಿನದ್ದು. ಫ್ರೆಂಚ್ ಕ್ರಾಂತಿಯವರು ಹತ್ತು ದಿನದ ವಾರ ಮಾಡಿದರು. ಏಳು ದಿನಕ್ಕೊಮ್ಮೆ ಬರುತ್ತಿದ್ದ ಬಿಡುವು ಹತ್ತು ದಿನಕ್ಕೊಮ್ಮೆ ಆಯಿತು, ಜನ ಅದನ್ನು ಮನಸಾರೆ ಒಪ್ಪಲೇ ಇಲ್ಲ. 1806ರ ಶುರುವಿಗೆ ಆ ಕ್ಯಾಲೆಂಡರನ್ನೇ ಕೈಬಿಟ್ಟರು. ಸೋವಿಯತ್ ಒಕ್ಕೂಟ 1929ರಲ್ಲಿ ಐದು ದಿನದ ವಾರ ತಂದಿತು. ಕಾರ್ಖಾನೆ ಒಂದು ದಿನವೂ ನಿಲ್ಲಬಾರದು ಅಂತ ಕೆಲಸಗಾರರನ್ನು ಐದು ಗುಂಪು ಮಾಡಿ, ಗುಂಪಿಗೊಂದು ರಜೆ ಕೊಟ್ಟರು. ಗಂಡನಿಗೆ ಒಂದು ದಿನ ರಜೆ, ಹೆಂಡತಿಗೆ ಇನ್ನೊಂದು ದಿನ. 1940ರಲ್ಲಿ ಮತ್ತೆ ಏಳು ದಿನಕ್ಕೆ ಬಂದರು. ಮನೆಯವರೆಲ್ಲ ಒಟ್ಟಿಗೆ ಕೂರುವ ದಿನವನ್ನು ಸರ್ಕಾರ ಕಿತ್ತುಕೊಂಡರೆ ಏನಾಗುತ್ತದೆ ಅನ್ನುವುದಕ್ಕೆ ಒಂದು ಕಾದಂಬರಿಯೇ ಬೇಕು.

ಈಗ ಒಂದು ಲೋಕ ಕಟ್ಟೋಣ. ಪೆನ್ನು ಇದ್ದವರು ಅಂಕಿ ಬರೆದುಕೊಳ್ಳಿ.

ಮೊದಲು ಚಂದ್ರ ಎಷ್ಟು ಅಂತ ತೀರ್ಮಾನಿಸಿ. ಎರಡು ಮೂರು ಚಂದ್ರ ಇಡುವ ಆಸೆ ಎಲ್ಲರಿಗೂ ಇರುತ್ತದೆ. ಇಡಬಹುದು, ಆದರೆ ಅವು ಹೇಗೆ ನಡೆಯುತ್ತವೆ ಅಂತ ನಿಮಗೆ ಗೊತ್ತಿರಬೇಕು. ಮಂಗಳ ಗ್ರಹಕ್ಕೆ ಎರಡು ಚಂದ್ರರಿದ್ದಾವೆ. ಅದರಲ್ಲಿ ಫೋಬೋಸ್ ಏಳೂವರೆ ಗಂಟೆ ಚಿಲ್ಲರೆಯಲ್ಲಿ ಒಂದು ಸುತ್ತು ಮುಗಿಸುತ್ತದೆ. ಮಂಗಳ ತನ್ನ ಸುತ್ತ ತಿರುಗುವುದಕ್ಕಿಂತ ಅದರ ಓಟ ಜೋರು. ಅಲ್ಲಿ ನಿಂತು ನೋಡಿದರೆ ಫೋಬೋಸ್ ಪಶ್ಚಿಮದಲ್ಲಿ ಹುಟ್ಟಿ ಪೂರ್ವದಲ್ಲಿ ಮುಳುಗುತ್ತದೆ! ಅಂಥ ಚಂದ್ರನಿಂದ ಯಾರೂ ತಿಂಗಳು ಎಣಿಸುವುದಿಲ್ಲ, ಹೊತ್ತು ಎಣಿಸಬಹುದು. ಇವತ್ತಿನ ಉದಾಹರಣೆಗೆ ನಾನು ಒಂದೇ ಚಂದ್ರ ಇಟ್ಟುಕೊಳ್ಳುತ್ತೇನೆ. ಒಂದರಲ್ಲೇ ಬೇಕಾದಷ್ಟು ತೊಂದರೆ ಸಿಗುತ್ತದೆ.

ನಮ್ಮ ಈ ಲೋಕದ ವರ್ಷಕ್ಕೆ 384.2 ದಿನ. ಹುಣ್ಣಿಮೆಯಿಂದ ಹುಣ್ಣಿಮೆಗೆ 31.2 ದಿನ. ಐದು ತಿಂಗಳಿಗೆ ಸರಿಯಾಗಿ 156 ದಿನ ಆಗುವುದರಿಂದ, ಜನ ನಾಲ್ಕು ತಿಂಗಳು 31 ದಿನ, ಐದನೆಯದು 32 ದಿನ ಅಂತ ಎಣಿಸುತ್ತಾರೆ. ಹನ್ನೆರಡು ತಿಂಗಳಿಗೆ 374.4 ದಿನ. ವರ್ಷಕ್ಕೆ 9.8 ದಿನ ಉಳಿಕೆ. ಮೂರು ವರ್ಷಕ್ಕೆ ಅದು 29.4 ದಿನ, ಹೆಚ್ಚುಕಮ್ಮಿ ಒಂದು ತಿಂಗಳು. ಹಾಗಾಗಿ ಮೂರು ವರ್ಷಕ್ಕೊಮ್ಮೆ, ಕೆಲವು ಸಲ ನಾಲ್ಕಕ್ಕೊಮ್ಮೆ, ಹದಿಮೂರನೆಯ ತಿಂಗಳು ಬೇಕಾಗುತ್ತದೆ. 16 ವರ್ಷಕ್ಕೆ ಐದು ಅಧಿಕ ಮಾಸ ಹಾಕಿದರೆ ಒಟ್ಟು 197 ತಿಂಗಳು, ಅಂದರೆ 6146.4 ದಿನ. ಸೂರ್ಯನ 16 ವರ್ಷ 6147.2 ದಿನ. ಬರೀ 0.8 ದಿನ ವ್ಯತ್ಯಾಸ. ಈ 0.8ನ್ನು ನೆನಪಿಟ್ಟುಕೊಳ್ಳಿ.

ಈ ಲೋಕದಲ್ಲಿ ಒಂದು ರಾಜ್ಯ. ಕೆಳಗೆ ಕಡಲತೀರ, ಅದನ್ನು ಅಲೆನಾಡು ಅನ್ನೋಣ. ಮೇಲೆ ಗುಡ್ಡದ ಕಡೆ ಮೇಲ್ಸೀಮೆ. ಅಲೆನಾಡಿನವರು ಮೀನುಗಾರರು, ದೋಣಿಯವರು. ಅವರಿಗೆ ಉಬ್ಬರ ಇಳಿತ ಮುಖ್ಯ, ಅಂದರೆ ಚಂದ್ರ ಮುಖ್ಯ. ಮೇಲ್ಸೀಮೆಯವರು ಬೇಸಾಯದವರು. ಅವರಿಗೆ ಮಳೆ ಮುಖ್ಯ, ಅಂದರೆ ಸೂರ್ಯ ಮುಖ್ಯ. ಅಲೆನಾಡಿನಲ್ಲಿ ದಿನ ಶುರುವಾಗುವುದು ಸಂಜೆ, ಮೇಲ್ಸೀಮೆಯಲ್ಲಿ ಬೆಳಗ್ಗೆ. ಹುಣ್ಣಿಮೆಯ ದಿನ ಹಣ ಕೊಡುತ್ತೇನೆ ಅಂತ ಇಬ್ಬರು ಒಪ್ಪಂದ ಮಾಡಿಕೊಂಡರೆ, ಒಬ್ಬನ ಹುಣ್ಣಿಮೆಯ ದಿನ ಬಂದಾಗ ಇನ್ನೊಬ್ಬನದು ಇನ್ನೂ ಹಿಂದಿನ ದಿನ. ಇದು ಕಲ್ಪನೆಯೇನಲ್ಲ. ನಮ್ಮ ಲೋಕದಲ್ಲೂ ಯಹೂದಿ ಮತ್ತು ಇಸ್ಲಾಮಿಕ್ ಕ್ಯಾಲೆಂಡರಿನಲ್ಲಿ ದಿನ ಸೂರ್ಯಾಸ್ತಕ್ಕೆ ಶುರು. ಖಗೋಳ ವಿಜ್ಞಾನಿಗಳು 1925ರವರೆಗೂ ಮಧ್ಯಾಹ್ನದಿಂದ ದಿನ ಎಣಿಸುತ್ತಿದ್ದರು. ರಾತ್ರಿಯಿಡೀ ಆಕಾಶ ನೋಡುವವರಿಗೆ ನಡುರಾತ್ರಿ ತಾರೀಕು ಬದಲಾದರೆ ಕಷ್ಟ, ಅದಕ್ಕೆ.

ಅಧಿಕ ಮಾಸ ಸಾರುವ ಕೆಲಸ ರಾಜಧಾನಿಯ ಒಂದು ಸಂಸ್ಥೆಯದ್ದು. ಲೆಕ್ಕದ ಮನೆ ಅಂತ ಅದರ ಹೆಸರು. ಅಧಿಕ ಮಾಸಕ್ಕೆ ಹೆಸರಿಲ್ಲ. ಹೆಸರಿಲ್ಲದ ತಿಂಗಳು ಅಂತಲೇ ಜನ ಅನ್ನುತ್ತಾರೆ. ಆ ತಿಂಗಳಿಗೆ ಬಡ್ಡಿ ಇಲ್ಲ, ಗೇಣಿ ಇಲ್ಲ. ಯಾಕೆಂದರೆ ಪತ್ರಗಳಲ್ಲಿ ಹನ್ನೆರಡು ತಿಂಗಳ ಹೆಸರು ಮಾತ್ರ ಬರೆದಿರುತ್ತಾರೆ. ಇಷ್ಟು ಹೇಳಿದ ತಕ್ಷಣ ನಿಮ್ಮ ತಲೆ ಓಡಲು ಶುರುವಾಗಬೇಕು. ಸಾಲ ಮಾಡಿದವನಿಗೆ ಆ ತಿಂಗಳು ಬರಲಿ ಅಂತ ಆಸೆ. ಸಾಲ ಕೊಟ್ಟವನಿಗೆ ಬರಬಾರದು. ವರ್ಷಕ್ಕಿಷ್ಟು ಅಂತ ಕೂಲಿ ಮಾತಾಡಿಕೊಂಡ ಆಳಿಗೂ ಅದು ಬರಬಾರದು, ಯಾಕೆಂದರೆ ಅವನು ಆ ತಿಂಗಳು ಪುಕ್ಕಟೆ ದುಡಿಯಬೇಕು. ಆದರೆ ಆ ಆಳು ಸಾಲವನ್ನೂ ಮಾಡಿರುತ್ತಾನೆ. ಅವನು ಯಾವ ಕಡೆ? ಮೂರು ವರ್ಷ ಸೆರೆ ಅಂತ ಶಿಕ್ಷೆಯಾದವಳು ಆ ತಿಂಗಳನ್ನೂ ಒಳಗೇ ಕಳೆಯಬೇಕಾ? ಹೆಸರಿಲ್ಲದ ತಿಂಗಳಲ್ಲಿ ಹುಟ್ಟಿದ ಮಗುವಿಗೆ ಹುಟ್ಟುಹಬ್ಬ ಯಾವಾಗ? ಅಂಥ ಮಕ್ಕಳನ್ನು ಮೇಲ್ಸೀಮೆಯವರು ಒಂದು ರೀತಿ ನೋಡುತ್ತಾರೆ, ಅಲೆನಾಡಿನವರು ಇನ್ನೊಂದು ರೀತಿ. ಇಲ್ಲಿ ಇನ್ನೂ ಕತ್ತಿಯೇ ಬಂದಿಲ್ಲ, ಮಾಟಗಾರ ಬಂದಿಲ್ಲ. ಆದರೂ ಒಂದು ಊರು ತುಂಬುವಷ್ಟು ಜನ ಬಂದುಬಿಟ್ಟರು.

ಹದಿನಾರು ವರ್ಷದ ಸುತ್ತಿನಲ್ಲಿ ಅಧಿಕ ಮಾಸ ಬರುವುದು 3, 6, 10, 13, 16ನೇ ವರ್ಷಗಳಲ್ಲಿ. ಆರರಿಂದ ಹತ್ತಕ್ಕೆ ನಾಲ್ಕು ವರ್ಷದ ಅಂತರ ಇದೆ ನೋಡಿ. ಒಂಬತ್ತನೇ ವರ್ಷ ಬಂತು ಅಂದರೆ ಸಾಲಗಾರರೆಲ್ಲ ಲೆಕ್ಕದ ಮನೆಯ ಮುಂದೆ ಬಂದು ನಿಲ್ಲುತ್ತಾರೆ. ಈ ವರ್ಷವೇ ಸಾರಿ ಅಂತ. ಸಾಲ ಕೊಟ್ಟವರು ಹಿಂದಿನ ಬಾಗಿಲಿನಿಂದ ಹಣ ಕಳಿಸುತ್ತಾರೆ. ಒಬ್ಬ ಪ್ರಾಮಾಣಿಕ ಗಣಿತಗಾರನನ್ನು ಆ ವರ್ಷ ಅಲ್ಲಿ ಕೂರಿಸಿ. ಅವನ ಮನೆಯವರೂ ಸಾಲ ಮಾಡಿದ್ದಾರೆ ಅಂತ ಇಟ್ಟುಕೊಳ್ಳಿ. ಮುಂದಿನದ್ದು ತಾನಾಗಿ ಬರುತ್ತದೆ.

ಈಗ ಆ 0.8 ದಿನಕ್ಕೆ ಬರೋಣ. ನನಗೆ ಬಹಳ ಇಷ್ಟವಾದ ಜಾಗ ಇದು.

16 ವರ್ಷಕ್ಕೆ 0.8 ದಿನ ಅಂದರೆ 80 ವರ್ಷಕ್ಕೆ ನಾಲ್ಕು ದಿನ. ಒಬ್ಬ ಮನುಷ್ಯನ ಆಯುಸ್ಸಿನಲ್ಲಿ ಅದು ಗೊತ್ತೇ ಆಗುವುದಿಲ್ಲ. ಮಳೆ ನಾಲ್ಕು ದಿನ ಹಿಂದೆ ಮುಂದೆ ಆಗುವುದು ಇದ್ದದ್ದೇ. ಆದರೆ 312 ವರ್ಷ ಕಳೆದರೆ ವ್ಯತ್ಯಾಸ ಅರ್ಧ ತಿಂಗಳು. 624 ವರ್ಷಕ್ಕೆ ಸರಿಯಾಗಿ 31.2 ದಿನ, ಅಂದರೆ ಪೂರ್ತಿ ಒಂದು ತಿಂಗಳು. ತಿಂಗಳ ಮೊದಲ ದಿನ ಬರಬೇಕಿದ್ದ ಮಳೆ ಮುಂದಿನ ತಿಂಗಳ ಮೊದಲ ದಿನ ಬರುತ್ತದೆ. ಬಿತ್ತನೆಯ ಹಬ್ಬ ಒಣ ನೆಲದ ಮೇಲೆ ನಡೆಯುತ್ತದೆ. ಮೇಲ್ಸೀಮೆಯವರು ಕ್ಯಾಲೆಂಡರ್ ಕೆಟ್ಟಿದೆ ಅನ್ನುತ್ತಾರೆ. ಅವರ ಅಜ್ಜಂದಿರ ಹಾಡುಗಳಲ್ಲಿ ಹಬ್ಬದ ದಿನ ಕೆಸರಿನಲ್ಲಿ ಕುಣಿದ ಮಾತಿದೆ, ಈಗ ಧೂಳಿನಲ್ಲಿ ಕುಣಿಯುತ್ತಿದ್ದಾರೆ.

ಅಲೆನಾಡಿನವರು ಏನನ್ನುತ್ತಾರೆ? ಕ್ಯಾಲೆಂಡರ್ ಸರಿಯಾಗೇ ಇದೆ ಅನ್ನುತ್ತಾರೆ. ಅವರ ಕಣ್ಣಿಗೆ ಅದು ನಿಜ. ತಿಂಗಳು ಚಂದ್ರನ ಜೊತೆ ಚೂರೂ ತಪ್ಪಿಲ್ಲ. ಹುಣ್ಣಿಮೆ ಅದೇ ದಿನ, ಉಬ್ಬರ ಅದೇ ಹೊತ್ತು. ಗುಡ್ಡದವರು ಸುಮ್ನೆ ಗಲಾಟೆ ಮಾಡುತ್ತಿದ್ದಾರೆ, ಬಡ್ಡಿ ತಪ್ಪಿಸಿಕೊಳ್ಳಲು ಒಂದು ತಿಂಗಳು ಕೇಳುತ್ತಿದ್ದಾರೆ ಅಂತ ಅವರಿಗೆ ಅನ್ನಿಸುತ್ತದೆ. ಇಬ್ಬರೂ ಸುಳ್ಳು ಹೇಳುತ್ತಿಲ್ಲ. ಇಬ್ಬರ ಹತ್ತಿರವೂ ಸಾಕ್ಷಿ ಇದೆ. ಒಂದೇ ಆಕಾಶದ ಎರಡು ಸಾಕ್ಷಿ. ಒಳ್ಳೆಯವರು ಒಂದು ಕಡೆ, ಕೆಟ್ಟವರು ಇನ್ನೊಂದು ಕಡೆ ನಿಲ್ಲುವ ಯುದ್ಧಗಳನ್ನು ಓದಿ ಓದಿ ನನಗೆ ಸಾಕಾಗಿದೆ. ಇಂಥ ಜಗಳ ಬರೆಯಿರಿ.

ಸರಿಮಾಡಲು ದಾರಿ ಇದೆ. 624 ವರ್ಷಕ್ಕೊಮ್ಮೆ, ನಿಯಮದಲ್ಲಿಲ್ಲದ ಇನ್ನೊಂದು ತಿಂಗಳು ಹಾಕಬೇಕು. ಲೆಕ್ಕದ ಮನೆಯ ಪುಸ್ತಕಗಳಲ್ಲಿ ಅದಿಲ್ಲ. ಅದನ್ನು ಕಂಡವರು ಯಾರೂ ಬದುಕಿಲ್ಲ, ಕಂಡವರ ಮೊಮ್ಮಕ್ಕಳೂ ಇಲ್ಲ. ಆದರೆ ಹಳೆಯ ಕಲ್ಲಿನಲ್ಲಿ ಎಲ್ಲೋ ಒಂದು ಕಡೆ, ಒಂದೇ ವರ್ಷದಲ್ಲಿ ಎರಡು ಸಲ ಹೆಸರಿಲ್ಲದ ತಿಂಗಳು ಬಂದ ದಾಖಲೆ ಇದೆ. ಇಷ್ಟು ದಿನ ಅದನ್ನು ಕೆತ್ತಿದವನ ತಪ್ಪು ಅಂತ ಎಲ್ಲರೂ ತಿಳಿದಿದ್ದರು. ಲೆಕ್ಕದ ಮನೆಯಲ್ಲಿ ಕೆಲಸಕ್ಕೆ ಸೇರಿದ ಒಬ್ಬ ಹುಡುಗಿ ಭಾಗಾಕಾರ ಮಾಡಿ ನೋಡುತ್ತಾಳೆ. ಕಲ್ಲು ಸರಿ, ಪುಸ್ತಕ ಅರ್ಧ. ಅವಳ ಮಾತನ್ನು ಯಾರು ನಂಬಬೇಕು? ನಂಬಿದರೆ ಆ ವರ್ಷ ಯಾರು ಯಾರ ಬಡ್ಡಿ ಹೋಗುತ್ತದೆ? ಈ ಕಥೆಯನ್ನು ನಾನು ಬರೆದಿಲ್ಲ. ನಿಮ್ಮಲ್ಲಿ ಯಾರಿಗಾದರೂ ಬೇಕಿದ್ದರೆ ತೆಗೆದುಕೊಳ್ಳಿ.

ಈ ಎಲ್ಲವೂ ಬಂದದ್ದು ಒಂದು ಚಿಕ್ಕ ದಶಾಂಶದಿಂದ. ವರ್ಷಕ್ಕೆ 360 ದಿನ ಇಟ್ಟಿದ್ದರೆ ಆ ಹುಡುಗಿಯೇ ಇರುತ್ತಿರಲಿಲ್ಲ.

ವರ್ಷದ ಉದ್ದದ ಬಗ್ಗೆ ಒಂದು ಎಚ್ಚರಿಕೆ. 384 ದಿನ ಅಂದರೆ ವಯಸ್ಸಿನ ಲೆಕ್ಕ ಬಹಳ ಕೆಡುವುದಿಲ್ಲ. ಅಲ್ಲಿಯ ಇಪ್ಪತ್ತು ವರ್ಷ ನಮ್ಮ ಇಪ್ಪತ್ತೊಂದು. ಆದರೆ ಯಾರೋ 600 ದಿನದ ವರ್ಷ ಇಟ್ಟು, ಹದಿನಾರು ವರ್ಷದ ಹುಡುಗ ಅಂತ ಬರೆದರೆ, ಅವನು ನಮ್ಮ ಲೆಕ್ಕದಲ್ಲಿ 26 ದಾಟಿದ ಗಂಡಸು. ಓದುವವರು ಹುಡುಗನನ್ನು ಊಹಿಸಿಕೊಳ್ಳುತ್ತಾರೆ. ದಿನದ ಉದ್ದವನ್ನೂ ಅನವಶ್ಯಕವಾಗಿ ಮುಟ್ಟಬೇಡಿ. ಇನ್ನೊಂದು ವಿಷಯ, ಋತು ಅನ್ನುವುದು ಗ್ರಹ ವಾಲಿಕೊಂಡು ತಿರುಗುವುದರಿಂದ ಬರುತ್ತದೆ. ನಮ್ಮ ಭೂಮಿ ಸುಮಾರು 23.4 ಡಿಗ್ರಿ ವಾಲಿದೆ. ವಾಲದೆ ನೆಟ್ಟಗೆ, ದುಂಡಗಿನ ದಾರಿಯಲ್ಲಿ ತಿರುಗುವ ಗ್ರಹದಲ್ಲಿ ಋತುಗಳೇ ಇರುವುದಿಲ್ಲ. ಅಲ್ಲಿಯ ಜನ ವರ್ಷವನ್ನು ಯಾಕೆ ಎಣಿಸಬೇಕು? ಅವರಿಗೆ ವಯಸ್ಸು ಅನ್ನುವುದು ತಿಂಗಳಲ್ಲೋ, ಸಂತೆಗಳಲ್ಲೋ ಇರುತ್ತದೆ. ಬಾಲಿ ದ್ವೀಪದಲ್ಲಿ 210 ದಿನದ ಒಂದು ಕ್ಯಾಲೆಂಡರ್ ಇದೆ, ಅದು ಸೂರ್ಯನಿಗೂ ಚಂದ್ರನಿಗೂ ಕಟ್ಟಿಕೊಂಡಿಲ್ಲ. ಬೇರೆ ಬೇರೆ ಉದ್ದದ ವಾರಗಳು ಅದರಲ್ಲಿ ಒಟ್ಟಿಗೇ ಓಡುತ್ತವೆ. ಆಕಾಶ ನೋಡದೆಯೂ ಜನ ಕಾಲ ಎಣಿಸಬಲ್ಲರು.

ಇದನ್ನೆಲ್ಲ ಪುಟದ ಮೇಲೆ ಹೇಗೆ ತರುವುದು? ದಯವಿಟ್ಟು ಪುಸ್ತಕದ ಕೊನೆಗೆ ಪಟ್ಟಿ ಹಾಕಿ ಕೈತೊಳೆದುಕೊಳ್ಳಬೇಡಿ. ಓದುವವರು ತಿಂಗಳ ಹೆಸರು ಬಾಯಿಪಾಠ ಮಾಡುವುದಿಲ್ಲ. ಒಂದು ಕಥೆಯಲ್ಲಿ ಮೂರು ನಾಲ್ಕು ಹೆಸರು ಸಾಕು, ಅವೂ ಕೇಳಿದ ಕೂಡಲೇ ಅರ್ಥವಾಗುವಂತಿರಲಿ. ಬಿತ್ತನೆ ತಿಂಗಳು, ಬಲೆ ತಿಂಗಳು, ಹೀಗೆ. ನಿಯಮವನ್ನು ಯಾರ ಬಾಯಲ್ಲೂ ವಿವರಿಸಿ ಹೇಳಿಸಬೇಡಿ. "ಹೆಸರಿಲ್ಲದ ತಿಂಗಳಲ್ಲಿ ಕೊಡ್ತೀನಿ ಅಂದಿದ್ದ, ಅವನ ಮಾತು ನಂಬಿದ್ಯಲ್ಲ" ಅಂತ ಒಬ್ಬ ತಾಯಿ ಮಗನಿಗೆ ಬೈದರೆ ಸಾಕು. ಆ ತಿಂಗಳು ಯಾವಾಗ ಬರುತ್ತೆ ಅಂತ ಹೇಳಲಾಗದು, ಆ ತಿಂಗಳಲ್ಲಿ ಕೊಡಬೇಕಾದ್ದು ಏನೂ ಇಲ್ಲ, ಹುಡುಗ ಮೋಸ ಹೋದ. ಮೂರೂ ಗೊತ್ತಾಯಿತು.

ಕೊನೆಗೆ, ಬರೆಯುವವರ ಮೇಜಿನ ಮೇಲೆ ಇರಬೇಕಾದ ಒಂದು ಹಾಳೆಯ ಬಗ್ಗೆ. ಖಗೋಳ ವಿಜ್ಞಾನಿಗಳು ತಿಂಗಳು ವರ್ಷದ ಗೊಂದಲವೇ ಬೇಡ ಅಂತ ದಿನಗಳನ್ನು ಒಂದೇ ಸಾಲಿನಲ್ಲಿ ಎಣಿಸುತ್ತಾರೆ. ಕ್ರಿ.ಪೂ. 4713ರ ಜನವರಿ 1ರಿಂದ ಶುರುವಾಗುವ ಎಣಿಕೆ ಅದು. ನೀವೂ ಹಾಗೇ ಮಾಡಿ. ಕಥೆಯ ಮೊದಲ ದಿನಕ್ಕೆ ಸೊನ್ನೆ ಅಂತ ಇಡಿ. ಪ್ರತಿ ದೃಶ್ಯದ ಪಕ್ಕ ಅದು ಎಷ್ಟನೇ ದಿನ ಅಂತ ಬರೆಯಿರಿ. ತಿಂಗಳು, ತಾರೀಕು, ಚಂದ್ರನ ಗಾತ್ರ ಎಲ್ಲವನ್ನೂ ಆ ಸಂಖ್ಯೆಯಿಂದ ತೆಗೆಯಿರಿ.

ಒಂದು ಉದಾಹರಣೆ. ಸೊನ್ನೆಯ ದಿನ ಹುಣ್ಣಿಮೆ. ನಿಮ್ಮ ನಾಯಕಿ ಅರವತ್ತನೇ ದಿನದ ರಾತ್ರಿ, ಕತ್ತಲಲ್ಲಿ, ಕೋಟೆಯ ಗೋಡೆ ಹತ್ತಿ ತಪ್ಪಿಸಿಕೊಳ್ಳುತ್ತಾಳೆ ಅಂತ ಬರೆದಿದ್ದೀರಿ. ಅರವತ್ತರಲ್ಲಿ 31.2 ಕಳೆಯಿರಿ, 28.8. ಮುಂದಿನ ಹುಣ್ಣಿಮೆಗೆ ಇನ್ನು ಎರಡೇ ದಿನ ಚಿಲ್ಲರೆ. ಅವತ್ತು ಕತ್ತಲೆ ಎಲ್ಲಿಂದ ಬರಬೇಕು? ಗೋಡೆಯ ಮೇಲಿನ ಬೆಕ್ಕೂ ಕಾಣುತ್ತದೆ. ಕತ್ತಲೆ ಬೇಕಿದ್ದರೆ ಹದಿಮೂರು ದಿನ ಹಿಂದೆ ಹೋಗಿ, 47ನೇ ದಿನ ಹೆಚ್ಚುಕಮ್ಮಿ ಅಮಾವಾಸ್ಯೆ. ಆದರೆ ಅವಳು ಅರವತ್ತನೇ ದಿನವೇ ಹೊರಡಬೇಕಾದ ಕಾರಣ ಕಥೆಯಲ್ಲಿ ಗಟ್ಟಿಯಾಗಿದ್ದರೆ ದಿನ ಬದಲಿಸಬೇಡಿ. ಬೆಳದಿಂಗಳಲ್ಲೇ ಹತ್ತಲಿ. ಕಾವಲಿನವನು ಅವಳನ್ನು ನೋಡಿಯೇ ನೋಡುತ್ತಾನೆ. ನೋಡಿಯೂ ಅವನು ಯಾಕೆ ಕೂಗಲಿಲ್ಲ ಅನ್ನುವುದನ್ನು ನೀವು ಈಗ ಬರೆಯಬೇಕು.